ಹಾಲವ್ವ ನಾಗತಿಯ ಕಲ್ಲಿಗೆ

ದಾವಣಗೆರೆ ಸ್ಟೇಷನ್ನಿನಲ್ಲಿ ಇಳಿದಾಗ ಬೆಳಗಿನ ಬಿಸಿಲು ಆಗಲೇ ಚುರುಕಾಗಿತ್ತು. ಆಟೊದವನು ದೇವರಾಜ ಅರಸು ಬಡಾವಣೆಗೆ ಎಂಬತ್ತು ರೂಪಾಯಿ ಕೇಳಿದ. ಸಂದರ್ಶನಕ್ಕೆ ಬಂದಿದ್ದೇನೆ, ಕಾದಂಬರಿಗಾರ್ತಿ ವಿಮಲಕ್ಕನ ಮನೆ ಎಂದೆ. "ಓ, ಹಾಲವ್ವ ನಾಗತಿ ಬುಕ್ ಬರದೋರಾ? ಕೂಡ್ರಿ, ಅರವತ್ತು ಕೊಡ್ರಿ." ಸಾಹಿತ್ಯದಿಂದ ಆಟೊ ದರ ಇಳಿದದ್ದನ್ನು ಕಂಡದ್ದು ಅದೇ ಮೊದಲು.

ವಿಮಲಕ್ಕ ಬಾಗಿಲಲ್ಲೇ ಚಪ್ಪಲಿ ಮೆಟ್ಟಿ ನಿಂತಿದ್ದರು. "ಕಾಫಿ ಆಮೇಲೆ. ಮೊದ್ಲು ಹರಿಹರ."

ಅವರ ಅತಿ ಹೆಚ್ಚು ಮಾರಾಟವಾದ ಕಾದಂಬರಿಯಲ್ಲಿ ಪಾಳೇಗಾರನ ವಿಧವೆ ಹಾಲವ್ವ ನಾಗತಿ ತುಂಬಿದ ತುಂಗಭದ್ರೆಯನ್ನು ಹರಿಗೋಲಿನಲ್ಲಿ ದಾಟುತ್ತಾಳೆ. ಓದಿದವರು ಅವಳನ್ನು ಚರಿತ್ರೆ ಎಂದೇ ನಂಬಿದ್ದಾರೆ. ಹೊಸ ಮುದ್ರಣದ ಮುನ್ನುಡಿಯಲ್ಲಿ ವಿಮಲಕ್ಕ "ಇವಳು ನನ್ನ ಕಲ್ಪನೆ" ಎಂದು ಬರೆದಿದ್ದರು. ಆ ಸಾಲು ಬೇಡವೆಂದು ಪ್ರಕಾಶಕರ ಹಟ. ಸಂಜೆಗೆ ಪುಸ್ತಕ ಅಚ್ಚಿಗೆ ಹೋಗಬೇಕು. ಈ ನಡುವೆ ಹರಿಹರದ ಹೊಳೆದಂಡೆಯಲ್ಲಿ ಹೆಂಗಸರು ಒಂದು ಕಲ್ಲಿಗೆ ಆ ಹೆಸರಿಟ್ಟು ಉಡಿ ತುಂಬುತ್ತಿದ್ದಾರೆಂಬ ಸುದ್ದಿ ಬಂತು.

"ಅವ್ರ ಮುಖ ನೋಡಿ ಹೇಳೋಕಾದ್ರೆ ಸಾಲು ಇರ್ತೈತೆ. ಆಗ್ಲಿಲ್ಲಾಂದ್ರೆ ತೆಗೀತೀನಿ," ಎಂದರು.

ಸರ್ಕಾರಿ ಬಸ್ಸಿನಲ್ಲಿ ಹದಿನಾಲ್ಕು ಕಿಲೋಮೀಟರ್ ದಾರಿ. ಹೆಂಗಸೆಂದು ಅವರಿಗೆ ಫ್ರೀ ಟಿಕೆಟ್, ನನಗೆ ಕಾಸಿನದು. "ನೋಡಪ್ಪಾ, ಚರಿತ್ರೆ ಈಗ ನಮ್ ಕಡೆ ಐತೆ!" ಎಂದು ನಕ್ಕರು. ಹತ್ತಿ ಗಿರಣಿಯ ಆಫೀಸಿನಲ್ಲಿ ಟೈಪಿಸ್ಟ್ ಆಗಿದ್ದಾಗ ಊಟದ ಬಿಡುವಿನಲ್ಲಿ ಮೊದಲ ಕಾದಂಬರಿ ಬರೆದೆ ಎಂದು ಫೋನಿನಲ್ಲಿ ಹೇಳಿದ್ದರು. ಈಗ ಬಸ್ಸಿನಲ್ಲಿ ಕೂತು, ಅದನ್ನು ಬರೆದದ್ದು ಗಿರಣಿ ಮುಚ್ಚಿ, ಗಂಡನೂ ತೀರಿಕೊಂಡ ಮೇಲೆ ಎಂದರು. ಯಾವುದು ನಿಜ ಎಂದು ಕೇಳಲಿಲ್ಲ. ಎರಡು ಸಲವೂ ಒಂದೇ ಕತೆ ಹೇಳಿದ್ದರೆ ನನಗೆ ಅನುಮಾನ ಬರುತ್ತಿತ್ತು.

ಹೊಳೆ ಇಳಿದಿತ್ತು. ದಂಡೆಯ ಕಲ್ಲಿಗೆ ಹಸಿರು ಕುಬಸ, ಅರಿಶಿನ, ಮುಂದೆ ಅಕ್ಕಿ, ಕೊಬ್ಬರಿ, ಉತ್ತತ್ತಿ. ಪುಸ್ತಕದ ಪುಟವೊಂದು ಎದ್ದು ಬಂದು ಬಿಸಿಲಲ್ಲಿ ಕೂತಿತ್ತು!

ಸೊಪ್ಪು ಮಾರುವ ರತ್ನಮ್ಮ ಎಂಬಾಕೆ ಜೊತೆಯವರೊಂದಿಗೆ ಅಲ್ಲಿದ್ದಳು. ಯಾರ ಕೊರಳಲ್ಲೂ ತಾಳಿ ಇರಲಿಲ್ಲ.

"ಗಂಡ ಇಲ್ದೋಳಿಗೆ ಉಡಿ ತುಂಬ್ತಾರೇನ್ರಿ?" ವಿಮಲಕ್ಕ ಕೇಳಿದರು.

"ಬ್ಯಾರೆ ಕಡೆ ಇಲ್ಲ. ಈ ತಾಯಿಗೆ ತುಂಬಿ, ಆಮ್ಯಾಲೆ ನಾವು ನಾವೇ ತುಂಬಿಕ್ಯಂತೀವಿ. ಯಾವನು ಕೇಳ್ತಾನೆ?"

ವಿಮಲಕ್ಕ ನನ್ನತ್ತ ನೋಡಿದರು. ಇವರು ಹೇಳಲಾರರು ಎಂದುಕೊಂಡೆ. ಹೇಳಿಯೇಬಿಟ್ಟರು: "ಅವ್ವಾ, ಈಕಿನ್ನ ನಾನು ಹುಟ್ಟಿಸಿ ಬರ್ದೀನಿ. ಇಂಥೋಳು ಇದ್ದಿಲ್ಲ."

ರತ್ನಮ್ಮ ಸೊಂಟಕ್ಕೆ ಕೈಯಿಟ್ಟಳು. "ಭಾರೀ ಹೇಳಾಕ ಬಂದ್ರಿ! ನಮ್ಮಜ್ಜಿ ಕಾಲ್ದಿಂದ ಐತೆ ಇದು. ಇಲ್ಲಿ ಕೇಳ್ಕಂಡು ಹೋಗಿ ಬುಕ್ಕಿನಾಗೆ ಬರ್ದು, ಈಗ ನಿಮ್ದು ಅಂತೀರೇನು?"

ಎಲ್ಲರೂ ನಕ್ಕರು. ವಿಮಲಕ್ಕ ಎಲ್ಲರಿಗಿಂತ ಜೋರಾಗಿ ನಕ್ಕರು. ಆಗ ರತ್ನಮ್ಮ ಅವರ ಬರಿಗೊರಳನ್ನು ಗಮನಿಸಿದಳು. "ಸೆರಗು ಹಿಡೀರಿ ಯಕ್ಕ."

"ಬ್ಯಾಡವ್ವ, ನಾನು..."

"ಗೊತ್ತಾತು. ಹಿಡೀರಿ."

ಐದು ಸಲ ಅಕ್ಕಿ ಬಿತ್ತು. ವಿಮಲಕ್ಕ ಒಂದು ಕೈಯಲ್ಲಿ ತುಂಬಿದ ಉಡಿ ಹಿಡಿದುಕೊಂಡೇ ಇನ್ನೊಂದರಲ್ಲಿ ಪ್ರಕಾಶಕರಿಗೆ ಫೋನ್ ಮಾಡಿದರು. "ಸಾಲು ಇರ್ಲಿ. ಅದರ ಕೆಳಗೆ ಇನ್ನೊಂದು ಸೇರಿಸ್ರಿ: ಹರಿಹರದ ರತ್ನಮ್ಮ ಇದನ್ನು ಒಪ್ಪುವುದಿಲ್ಲ."

ಹೊಳೆಯ ಮೆಟ್ಟಿಲು ಹತ್ತುವಾಗ ಹಿಂದಿನಿಂದ ಕೂಗು ಕೇಳಿತು. ತಿರುಗಿ ನೋಡಿದೆವು. ಕಲ್ಲಿನ ಪಕ್ಕ ನಿಂತು ರತ್ನಮ್ಮ ಕೈ ಬೀಸುತ್ತಿದ್ದಳು:

"ಯಕ್ಕಾ, ನಮ್ಮಜ್ಜಿ ಹೆಸ್ರೂ ಹಾಕ್ಸ್ರಿ!"