ಹಾಲುಕ್ಕಿದ ಶಾಟ್

ಪೋರ್ಚುಗಲ್ಲಿನ ಒಬ್ಬ ನಿರ್ದೇಶಕ ನನ್ನ ತಲೆ ಕೆಡಿಸಿದ್ದ. ಯಾವ ಕಂಪನಿಯ ಹಂಗೂ ಇಲ್ಲದೆ, ಕ್ಯಾಮೆರಾವನ್ನೂ ತಾನೇ ಹಿಡಿದು, ಇಪ್ಪತ್ತು ವರ್ಷಗಳಲ್ಲಿ ನಾಲ್ಕೇ ಸಿನಿಮಾ ಮಾಡಿದ ಆಸಾಮಿ. ಸಿಂಗಪುರಕ್ಕೆ ಬಂದಿದ್ದಾಗ ಅವನು ಹೇಳಿದ್ದು ಇಷ್ಟೇ: ಕಿಟಕಿಯ ಬೆಳಕು ಸಾಕು, ಒಮ್ಮೆ ಇಟ್ಟ ಕ್ಯಾಮೆರಾ ಅಲುಗಿಸಬೇಡಿ, ಅಡ್ಡ ಬಂದವರನ್ನು ಸರಿಯಿರಿ ಎನ್ನಬೇಡಿ.

ಮರುವಾರವೇ ಇಲ್ಲಿನ ಪುಂಗೋಲ್ ಬಡಾವಣೆಯಲ್ಲಿ ಗೆಳೆಯನ ಗೃಹಪ್ರವೇಶ. ವಿಡಿಯೋ ನನ್ನ ಪಾಲಿಗೆ ಬಂತು. ಟ್ಯೂಬ್‌ಲೈಟ್ ಆರಿಸಿ, ಒಲೆಯ ಮೇಲಿನ ಹಾಲಿನ ಪಾತ್ರೆಗೆ ಕ್ಯಾಮೆರಾ ನೆಟ್ಟೆ. ಹಾಲು ಇನ್ನೇನು ಉಕ್ಕಬೇಕು, ಬಿಶಾನ್ ಬಡಾವಣೆಯಿಂದ ಬಂದ ಆಂಟಿಯೊಬ್ಬರು ಲೆನ್ಸಿಗೆ ಬೆನ್ನು ಮಾಡಿ ನಿಂತರು. ಗೆಳೆಯ ಕಣ್ಣಲ್ಲೇ ಬೇಡಿಕೊಂಡ. ನಾನು ಆಂಟಿಗೆ ಸರಿಯಿರಿ ಎನ್ನಲಿಲ್ಲ. ಕಲೆಯೆಂದರೆ ಕಲೆ.

ಊಟವಾದ ಮೇಲೆ ಟಿವಿಗೆ ಹಾಕಿದೆ. ಹನ್ನೊಂದು ನಿಮಿಷ ಬರೀ ನೇರಳೆ ರೇಷ್ಮೆಯ ಬೆನ್ನು.

"ಹಾಲು ಎಲ್ಲಪ್ಪಾ?" ಎಂದರು ಗೆಳೆಯನ ತಾಯಿ.

"ಆಂಟಿ ಬ್ಲಾಕ್ ಮಾಡ್ಬಿಟ್ರು ಲಾ!" ಎಂದಳು ಗೆಳೆಯನ ಮಗಳು, ಅಪ್ಪಟ ಸಿಂಗಪುರದ ಧಾಟಿಯಲ್ಲಿ.

ಮೆಚ್ಚಿದವರು ಆಂಟಿ ಒಬ್ಬರೇ. "ಬ್ಲೌಸ್ ಹಿಂದ್ಗಡೆ ಇಷ್ಟು ಚೆನ್ನಾಗಿ ಫಿಟ್ ಆಗಿದೆ ಅಂತ ನಂಗೇ ಗೊತ್ತಿರ್ಲಿಲ್ಲ! ನಮ್ಮನೆ ಸತ್ಯನಾರಾಯಣ ಪೂಜೆಗೂ ನಿಮ್ಮನ್ನೇ ಬುಕ್ ಮಾಡ್ತೀನಿ. ದೇವರಿಗೆ ಅಡ್ಡ ನಾನೇ ನಿಲ್ತೀನಿ."