ಕಿವಿ ಮುಟ್ಟಿದ ಕೈ

ಫೆಬ್ರುವರಿಯ ಬೆಳಗು, ಆರು ಗಂಟೆ. ಮೋಟೆಬೆನ್ನೂರಿನ ಹೆದ್ದಾರಿಯಲ್ಲಿ ಮಂಜು ಇನ್ನೂ ಹಾಸಿಗೆ ಬಿಟ್ಟು ಎದ್ದಿಲ್ಲ. ಹಾವೇರಿ ಬಸ್ಸಿಗೆ ಕಾಯುತ್ತಿರುವ ಕೊಟ್ರಪ್ಪ ಮಾಸ್ತರರ ಕಂಕುಳಲ್ಲಿ ಬಟ್ಟೆಯ ಚೀಲ, ಚೀಲದಲ್ಲಿ ಒಂದೇ ಒಂದು ಕಾಗದ. ಅದು ಇದೆಯೋ ಇಲ್ಲವೋ ಎಂದು ಮತ್ತೆ ಮತ್ತೆ ಮುಟ್ಟಿ ನೋಡಿಕೊಳ್ಳುತ್ತಾರೆ. ಮಂಜಿನೊಳಗೆ ಅವರಿಗೆ ಮಕ್ಕಳ ಉದ್ದನೆಯ ಸಾಲು ಕಾಣುತ್ತದೆ. ಎಲ್ಲರೂ ಬಲಗೈಯನ್ನು ತಲೆಯ ಮೇಲಿಂದ ಬಳಸಿ ಎಡಗಿವಿಯನ್ನು ಹುಡುಕುತ್ತಿದ್ದಾರೆ.

"ದಿನಾ ಕಾಣಸ್ತಾವ್ರಿ," ಎನ್ನುತ್ತಾರೆ ಅರವತ್ತಮೂರರ ಮಾಸ್ತರರು. "ಮೂವತ್ತೊಂದು ವರ್ಷ ಅವನ್ನ ಹಂಗ ನಿಂದರಸೇನಿ. ಈಗ ಅವು ನನ್ನ ನಿಂದರಸ್ಯಾವ."

ಹುಟ್ಟಿದ ದಿನ ಬರೆದಿಡುವ ರೂಢಿಯಿಲ್ಲದ ಮನೆಗಳಿಂದ ಮಕ್ಕಳು ಬರುತ್ತಿದ್ದ ಕಾಲದಲ್ಲಿ ಹಳ್ಳಿಯ ಮಾಸ್ತರರಿಗೆ ಇದ್ದ ಅಳತೆ ಇದೊಂದೇ. ಬೆರಳು ಕಿವಿ ಮುಟ್ಟಿದರೆ ಆರು ವರ್ಷ, ಮುಟ್ಟದಿದ್ದರೆ ಮುಂದಿನ ವರ್ಷ ಬಾ. ತಾರೀಖಿನ ತಕರಾರೇ ಇಲ್ಲ, ಎಲ್ಲರಿಗೂ ಜೂನ್ ಒಂದು. ಶಾಲೆಯ ದಾಖಲಾತಿ ಪುಸ್ತಕಗಳನ್ನು ನಂಬುವುದಾದರೆ ನಮ್ಮ ಸೀಮೆಯ ಅರ್ಧ ಜನ ಒಂದೇ ದಿನ ಹುಟ್ಟಿದವರು. ಆ ದಿನ ಸೂಲಗಿತ್ತಿಯರಿಗೆ ನೀರು ಕುಡಿಯಲೂ ಪುರಸೊತ್ತು ಸಿಕ್ಕಿರಲಾರದು. ನಕ್ಕು ಬಿಡುವ ಸಂಗತಿಯೇ ಸರಿ, ಆ ತಾರೀಖು ಕೋರ್ಟಿನ ಮೆಟ್ಟಿಲು ಹತ್ತುವ ತನಕ.

ಸಾವಿರದ ಒಂಬೈನೂರ ತೊಂಬತ್ತರ ಜೂನ್‌ನಲ್ಲಿ, ಹಲಗೇರಿ ಕಡೆಯ ಒಂದು ಹಳ್ಳಿಯಲ್ಲಿ, ಎರಡನೆಯ ತರಗತಿಯ ಹೊನ್ನವ್ವ ತಮ್ಮನನ್ನು ಸೊಂಟದ ಮೇಲೆ ಹೊತ್ತು ಶಾಲೆಗೆ ಬಂದಳು. ಅವ್ವ ಕೂಲಿಗೆ ಹೋಗಬೇಕು, ಮಗುವನ್ನು ನೋಡಿಕೊಳ್ಳುವವರಿಲ್ಲ. ಹೊರಗೆ ಕೂಡಿಸಿದರೆ ಅದು ಅಳುತ್ತಿತ್ತು. ಮಾಸ್ತರರಿಗೆ ಕರುಳು ಚುರಕ್ಕೆಂದಿತು. ತಮಾಷೆಗೆಂದು ಅವನನ್ನೂ ಸಾಲಿನಲ್ಲಿ ನಿಲ್ಲಿಸಿದರು. ಹುಡುಗನ ಕೈ ಅವನ ವಯಸ್ಸಿಗಿಂತ ಉದ್ದ. ಬೆರಳು ಸಲೀಸಾಗಿ ಕಿವಿ ಮುಟ್ಟಿತು. ಹೊಳಿಯಪ್ಪ, ತಂದೆ ಶಂಕ್ರಪ್ಪ, ಜನ್ಮದಿನ 1-6-1984 ಎಂದು ಮಾಸ್ತರರು ದುಂಡಗೆ ಬರೆದರು.

ಆ ಹುಡುಗ ಬೆಳೆದು ಬ್ಯಾಡಗಿಯ ಮಾರುಕಟ್ಟೆಯಲ್ಲಿ ಮೆಣಸಿನಕಾಯಿ ಚೀಲ ಹೊರತೊಡಗಿದ. 2003ರ ಜನವರಿಯ ಕೊನೆಯಲ್ಲಿ, ಲಾರಿಗೆ ಮೊದಲು ಯಾರು ಚೀಲ ಏರಿಸಬೇಕೆಂಬ ಜಗಳ ಕೈ ಕೈ ಮಿಲಾಯಿಸುವ ತನಕ ಹೋಯಿತು. ಅವನ ಕೈಯಲ್ಲಿ ಚೀಲ ಎತ್ತುವ ಕೊಕ್ಕೆ ಇತ್ತು. ಏಟು ತಿಂದ ಹಮಾಲ ಮೂರನೆಯ ದಿನ ತೀರಿಕೊಂಡ. ಶಾಲೆಯ ಪುಸ್ತಕದಂತೆ ಹೊಳಿಯಪ್ಪನಿಗೆ ಹದಿನೆಂಟು ದಾಟಿ ಏಳು ತಿಂಗಳು. ಹದಿನೆಂಟು ತುಂಬಿರದಿದ್ದರೆ ಬಾಲನ್ಯಾಯ ಮಂಡಳಿಯ ಮುಂದೆ ನಿಲ್ಲುತ್ತಿದ್ದ, ಹೆಚ್ಚೆಂದರೆ ಮೂರು ವರ್ಷ ಸುಧಾರಣಾ ಗೃಹದಲ್ಲಿ ಇರುತ್ತಿದ್ದ. ದೊಡ್ಡವನೆಂದು ವಿಚಾರಣೆ ನಡೆದು ಜೀವಾವಧಿ ಶಿಕ್ಷೆಯಾಯಿತು.

ಆ ಜಗಳವಾಗಿ ಮೂರು ವರ್ಷದ ಬಳಿಕ, ಬಡವರ ಮೊಕದ್ದಮೆ ನಡೆಸುವ ರಾಣೇಬೆನ್ನೂರಿನ ವಕೀಲೆ ನಲಿನಿ ಶಾಲೆಯ ಪುಸ್ತಕದ ಆ ಪುಟದ ಝೆರಾಕ್ಸ್ ಹಿಡಿದು ನಿವೃತ್ತ ಮಾಸ್ತರರ ಮನೆ ಹುಡುಕಿಕೊಂಡು ಬಂದರು. "ಸರ, ಈ ಅಕ್ಷರ ಯಾರವು?" ಎಂದು ಕೇಳಿದರು. "ನನ್ನ ಅಕ್ಷರ ಛಂದ ಅಂತ ಊರೆಲ್ಲ ಹೊಗಳತಿತ್ತು," ಎನ್ನುತ್ತಾರೆ ಮಾಸ್ತರರು. "ಅವತ್ತು ಆ ಛಂದ ನೋಡಲಾರದ ಕಾಗದ ಬೋರಲ ಇಟ್ನಿ."

ಅಂದಿನಿಂದ ಇದೇ ಅವರ ಕಸುಬು, ಸಂಬಳವಿಲ್ಲದ್ದು. ಬೆಳಗಿನ ಮೊದಲ ಬಸ್ಸು ಹಿಡಿದು ಪಂಚಾಯಿತಿಗೆ, ತಾಲ್ಲೂಕು ಕಚೇರಿಗೆ ಹೋಗಿ ಹಳೆಯ ಜನನ ಪುಸ್ತಕ ಓದುವುದು. ಹುಟ್ಟಿದಾಗ ಇನ್ನೂ ಹೆಸರಿಟ್ಟಿರುವುದಿಲ್ಲ, 'ಗಂಡು' ಎಂದಷ್ಟೇ ಇರುತ್ತದೆ. ತಂದೆತಾಯಿಯ ಹೆಸರಿನಿಂದ ಮಗುವನ್ನು ಗುರುತಿಸಬೇಕು. ದಿನಕ್ಕೆ ನಾನೂರು ಸಾಲು ಓದಿದರೆ ಕಣ್ಣು ಮಂಜಾಗುತ್ತದೆ. ಮೂರು ವರ್ಷದಲ್ಲಿ ಇಪ್ಪತ್ತೇಳು ಹಳ್ಳಿ, ಹೀಗೇ ಜೈಲು ಸೇರಿದ ಒಂಬತ್ತು ಹುಡುಗರ ನಿಜವಾದ ವಯಸ್ಸು ಸಿಕ್ಕಿತು. ಹೊಳಿಯಪ್ಪನದು ಮಾತ್ರ ಸಿಗಲಿಲ್ಲ. ಅವನ ಊರಿನ ಪುಸ್ತಕವನ್ನು ಎರಡು ಸಲ ತಿರುವಿ ಹಾಕಿದರೂ ಸಿಗಲಿಲ್ಲ.

ಕಾಗದಗಳನ್ನೆಲ್ಲ ಕೇಳಿದ ಮಾಸ್ತರರು ಅಕ್ಕನನ್ನು ಕೇಳಿರಲಿಲ್ಲ. ಹೊನ್ನವ್ವನಿಗೆ ಮುಖ ತೋರಿಸಲು ಅವರಿಗೆ ನಾಚಿಕೆ. ಹೋದ ದೀಪಾವಳಿಯಲ್ಲಿ ಸಂತೆಯಲ್ಲಿ ಅವಳೇ ಎದುರಾದಳು. ತಪ್ಪಿಸಿಕೊಳ್ಳಲು ದಾರಿಯಿರಲಿಲ್ಲ, ಎಲ್ಲ ಹೇಳಿಬಿಟ್ಟರು.

"ಅವ ನಮ್ಮೂರಾಗ ಎಲ್ಲಿ ಹುಟ್ಯಾನ್ರೀ ಸರ?" ಎಂದಳು ಹೊನ್ನವ್ವ. "ನಮ್ಮವ್ವ ಬಾಣಂತನಕ್ಕ ತವರಿಗೆ ಹೋಗಿದ್ಲು, ಮೇಡ್ಲೇರಿಗೆ. ಹೋಳಿ ಹುಣ್ಣಿಮಿ ಮುಂದ ಇತ್ತು."

ಮರುದಿನವೇ ಮಾಸ್ತರರು ಮೇಡ್ಲೇರಿಯ ಪುಸ್ತಕ ಹುಡುಕಿಸಿದರು. ಕಿಟಕಿಯ ಬಿಸಿಲಲ್ಲಿ ಧೂಳು ಮೆಲ್ಲಗೆ ಏಳುತ್ತಿತ್ತು, ಹೊರಗೆ ಹೊಳೆಯ ಕಡೆಯಿಂದ ಗಾಳಿ. 21-3-1986, ಗಂಡು, ತಂದೆ ಶಂಕ್ರಪ್ಪ. ಆ ಸಾಲಿನ ಮೇಲೆ ಬೆರಳಿಟ್ಟು ಅವರು ಬಹಳ ಹೊತ್ತು ಕೂತರಂತೆ. ಸೊಂಟದ ಮೇಲಿನ ಮಗು ತಮ್ಮನ್ನೇ ನೋಡುತ್ತಿರುವ ಹಾಗೆ ಅನ್ನಿಸಿತಂತೆ.

ಇಂದು ಚೀಲದಲ್ಲಿರುವುದು ಆ ಸಾಲಿನ ನಕಲು. ವಯಸ್ಸಿನ ವಿಚಾರಣೆ ನಡೆಸಿ ವರದಿ ಕಳಿಸಿ ಎಂದು ಮೇಲಿನ ಕೋರ್ಟು ಹಾವೇರಿಯ ಕೋರ್ಟಿಗೆ ಹೇಳಿದೆ. ಮಾಸ್ತರರು ತಮ್ಮ ಅಕ್ಷರದ ವಿರುದ್ಧ ತಾವೇ ಸಾಕ್ಷಿ ಹೇಳಬೇಕು. ಕೋರ್ಟಿನ ಹಿಂದಿನ ಬೆಂಚಿನಲ್ಲಿ ಸತ್ತ ಹಮಾಲನ ಹೆಂಡತಿ ಕೂತಿದ್ದಾಳೆ.

"ಹಾಗಾದರೆ ಶಾಲೆಯ ಪುಸ್ತಕದಲ್ಲಿ ಸುಳ್ಳು ಬರೆದಿರಾ?" ಎನ್ನುತ್ತಾರೆ ಸರಕಾರಿ ವಕೀಲರು.

"ಸುಳ್ಳು ಬರೀಲಿಲ್ರಿ. ಗೊತ್ತಿಲ್ಲದ್ದನ್ನ ಬರದೆ."

"ಆರು ವರ್ಷ ಎಂದು ಹೇಗೆ ನಿರ್ಧರಿಸಿದಿರಿ?"

ಕಟಕಟೆಯಲ್ಲಿ ಮಾಸ್ತರರು ಬಲಗೈಯನ್ನು ತಲೆಯ ಮೇಲಿಂದ ತಂದು ಎಡಗಿವಿ ಮುಟ್ಟಿ ತೋರಿಸುತ್ತಾರೆ. ಯಾರೂ ನಗುವುದಿಲ್ಲ. ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ನೋಡುತ್ತಾರೆ.

ಹೊರಗೆ ಬಂದ ಮೇಲೆ ಮಾಸ್ತರರ ದನಿ ತಗ್ಗಿದೆ. "ಹಿಂದ ಕುಂತಿದ್ದ ಆ ತಂಗಿ ಮುಖ ನೋಡಾಕ ಆಗಲಿಲ್ರಿ. ಹೋದ ಜೀವ ಬರಂಗಿಲ್ಲ, ಅದನ್ನ ಅವ ಮಾಡಿದ್ದು ಖರೇನ ಐತಿ. ಆದ್ರ ಸಣ್ಣವ ಮಾಡಿದ್ದನ್ನ ಸಣ್ಣವ ಅಂತ ತಿಳದು ತೂಗಬೇಕಲ್ರಿ. ಅವನ ಮ್ಯಾಲೆ ಎರಡು ವರ್ಷ ಹೇರಿದಾವ ನಾನು."

ಮೂರು ವಾರಕ್ಕೆ ವರದಿ ಹೋಗುತ್ತದೆ: ಘಟನೆಯ ದಿನ ಆರೋಪಿಗೆ ಹದಿನಾರು ವರ್ಷ ಹತ್ತು ತಿಂಗಳು. ಆರು ವರ್ಷ ಒಳಗಿದ್ದ ಹೊಳಿಯಪ್ಪ ಮೇಲಿನ ಕೋರ್ಟಿನ ಆದೇಶದಂತೆ ಮೇ ತಿಂಗಳಲ್ಲಿ ಮನೆಗೆ ಬರುತ್ತಾನೆ.

ಜೂನ್ ಒಂದರಂದು ಮಾಸ್ತರರು ತಮ್ಮ ಹಳೆಯ ಶಾಲೆಯ ಜಗಲಿಯಲ್ಲಿ ಕೂತಿದ್ದಾರೆ. ಈಚೆಗೆ ಪ್ರತಿವರ್ಷ ಹೀಗೆ ಬಂದು, ದಾಖಲಾತಿಗೆ ಬಂದವರ ಜನನ ಚೀಟಿ ಓದಿ ಹೇಳುತ್ತಾರೆ. ಇನ್ನೇನಾದರೂ ಆಸೆ ಇದೆಯೇ ಎಂದರೆ, "ಈ ಊರಾಗ ಜೂನ್ ಒಂದಕ್ಕ ಒಬ್ಬರೂ ಹುಟ್ಟಬಾರದು ನೋಡ್ರಿ," ಎಂದು ನಗುತ್ತಾರೆ.

ಅಷ್ಟರಲ್ಲಿ ಹೊಳಿಯಪ್ಪ ಅಕ್ಕನ ಮಗಳನ್ನು ಹೊತ್ತುಕೊಂಡು ಬರುತ್ತಾನೆ. ಅಜ್ಜಿ ಮನೆಯಲ್ಲೇ ಕಲಿಸಿ ಕಳಿಸಿದ್ದಾಳೆ. ಕೆಳಗಿಳಿಸಿದ್ದೇ ತಡ, ಮಗು ಬಲಗೈಯನ್ನು ತಲೆಯ ಮೇಲಿಂದ ಬಳಸುತ್ತದೆ. ಸೋದರಮಾವನದೇ ಉದ್ದನೆಯ ಕೈ, ಬೆರಳು ಕಿವಿ ಮುಟ್ಟುತ್ತದೆ. ಹೊಳಿಯಪ್ಪ ನೆಲ ನೋಡುತ್ತಾನೆ.

ಮಾಸ್ತರರು ಚೀಟಿ ಓದುತ್ತಾರೆ. ಆಮೇಲೆ ಆ ಪುಟ್ಟ ಕೈಯನ್ನು ಹಿಡಿದು ಮೆಲ್ಲಗೆ ಕೆಳಗಿಳಿಸುತ್ತಾರೆ.

"ಕೈ ಇಳಸವ್ವಾ. ನೀ ಇನ್ನೂ ಸಣ್ಣಾಕಿ ಇದ್ದಿ. ಹೋಗು, ಇನ್ನೊಂದೆರಡು ವರ್ಷ ಆಡಿ ಬಾ."