ಅಕ್ಕ ಎತ್ತಿದ ಅಳು

ಗಂಟಲಿನ ಗಡ್ಡೆಗಾಗಿ ಅಕ್ಕನ ಧ್ವನಿಪೆಟ್ಟಿಗೆಯನ್ನು ಪೂರ್ತಿ ತೆಗೆದುಹಾಕಿದ ಮೇಲೆ ಅವಳು ನನ್ನನ್ನು ಕೇಳಿದ ಮೊದಲ ಪ್ರಶ್ನೆ ಅವ್ವನ ಬಗ್ಗೆ. ಕೇಳಿದಳು ಅನ್ನುವುದು ಸರಿಯಲ್ಲ, ಸ್ಲೇಟಿನ ಮೇಲೆ ಬರೆದಳು. ಅಕ್ಷರ ತೆಲುಗಿನವು, ಮಾತು ಕನ್ನಡದ್ದು. ಆಂಧ್ರದ ಗಡಿಯ ತೆಲುಗು ಶಾಲೆಯಲ್ಲಿ ಓದಿದ ನಮ್ಮ ಮನೆಯವರೆಲ್ಲ ಹಾಗೆಯೇ ಬರೆಯುತ್ತಾರೆ. "ಅವ್ವ ಹೋಗೂದ್ರೊಳಗ ನನಗ ಮಾತು ಬರ್ತೈತೇನು? ನೀ ಓದೀದಿ, ಹೇಳು."

ನಾನು ಓದಿದ್ದು ಭಾಷೆಯ ಧ್ವನಿವ್ಯವಸ್ಥೆಯನ್ನು. ಹೈದರಾಬಾದಿನ ಒಂದು ಕಾಲೇಜಿನಲ್ಲಿ ಅದನ್ನೇ ಪಾಠ ಮಾಡುತ್ತೇನೆ. ಊರಿನವರಿಗೆ ಇದು ಗಂಟಲ ಡಾಕ್ಟರಿಕೆಯ ಹತ್ತಿರದ ಸಂಬಂಧಿಯಂತೆ ಕಾಣುತ್ತದೆ. "ಸದ್ದಿನ ಡಾಕ್ಟರಂತ, ಕೆಮ್ಮಿಗೊಂದು ಗುಳಿಗಿ ಬರಿಯಾಕ ಬರಂಗಿಲ್ಲ" ಎಂದು ನಮ್ಮ ಸೋದರತ್ತೆ ನಾನು ಬಂದಾಗಲೆಲ್ಲ ಅಣಕಿಸುತ್ತಾಳೆ.

ನಮ್ಮ ಶಾಸ್ತ್ರದ ಒಂದು ನಂಬಿಕೆಯನ್ನು ಹೀಗೆ ಹೇಳಬಹುದು. ನಾವು ಆಡುವ ಪ್ರತಿ ಮಾತಿಗೂ ಮನಸ್ಸಿನೊಳಗೆ ಒಂದು ಮೂಲರೂಪ ಇರುತ್ತದೆ. ಅದು ಕೆಲವು ನಿಯಮಗಳನ್ನು ಹಾದು ಬಂದು ಬಾಯಲ್ಲಿ ಬೇರೆ ರೂಪ ತಾಳುತ್ತದೆ. ನಮ್ಮ ಕಡೆಯವರು 'ಬಂದಾನ' ಅಂದಾಗ ಅದರೊಳಗೆ 'ಬಂದು' ಇದೆ, 'ಅದಾನ' ಇದೆ, ನಡುವಿನದು ಕರಗಿಹೋಗಿದೆ. ಕಿವಿಗೆ ಬೀಳದಿದ್ದರೂ ಆಡುವವನಿಗೆ ಒಳಗಿನದು ಗೊತ್ತಿರುತ್ತದೆ. ಗಂಟಲು, ನಾಲಗೆ, ತುಟಿಗಳದ್ದು ಕೊನೆಯ ಹಂತದ ಕೆಲಸ ಮಾತ್ರ. ಇದನ್ನು ನಾನು ಎಷ್ಟೋ ವರ್ಷ ಕರಿಹಲಗೆಯ ಮೇಲೆ ಬಾಣಗಳನ್ನು ಹಾಕಿ ವಿವರಿಸಿದ್ದೇನೆ.

ಅಕ್ಕನಿಗೂ ಅದನ್ನೇ ಹೇಳಿದೆ. "ಮಾತು ಗಂಟಲಾಗ ಇಲ್ಲಕ್ಕ, ತಲಿಯೊಳಗ ಐತಿ. ಅದಕ್ಕೇನೂ ಆಗಿಲ್ಲ."

ಅವಳು ಸ್ಲೇಟು ಒರೆಸಿ ಬರೆದಳು. "ತಲಿಯೊಳಗಿಂದು ಅವ್ವಗ ಕೇಳಸ್ತೈತೇನು?"

ಅವ್ವ ಹೊಳಗುಂದದ ಹತ್ತಿರದ ನಮ್ಮ ಊರಿನಲ್ಲಿ, ಅಣ್ಣನ ಮನೆಯಲ್ಲಿದ್ದಳು. ಕಣ್ಣು ಪೂರಾ ಹೋಗಿತ್ತು. ಹಾಸಿಗೆಯಿಂದ ಏಳುತ್ತಿರಲಿಲ್ಲ. ಹಿಂದೆ ಕಣ್ಣಿನ ಆಪರೇಷನ್ನಿಗೆ ಬಾ ಎಂದು ಅಕ್ಕ, ಒಲ್ಲೆ ಎಂದು ಅವ್ವ, ಫೋನಿನಲ್ಲಿ ಜೋರಾಗಿ ಜಗಳವಾಡಿದ್ದರು. ಅದಾದ ಸ್ವಲ್ಪ ದಿನಕ್ಕೇ ಅಕ್ಕನ ಗಂಟಲಲ್ಲಿ ಗಡ್ಡೆ ಕಾಣಿಸಿತು. ಈ ವಯಸ್ಸಿನಲ್ಲಿ ಅವ್ವ ತಡೆದುಕೊಳ್ಳಲಾರಳು, ಗಂಟಲಿನ ಆಪರೇಷನ್ನಿನ ಸುದ್ದಿ ಹೇಳಬೇಡಿ ಎಂದ ಅಣ್ಣ. ಗಂಟಲು ಕೂತಿದೆ ಎಂದಷ್ಟೇ ಹೇಳಿದೆವು. ಕೂತ ಗಂಟಲು ತಿಂಗಳುಗಟ್ಟಲೆ ಏಳದಿದ್ದಾಗ ಅವ್ವ ತನ್ನದೇ ಲೆಕ್ಕ ಹಾಕಿಕೊಂಡಳು. "ಗಂಟಲಲ್ಲ ಕೂತಿದ್ದು, ಸಿಟ್ಟು ಕೂತೈತಿ ಆಕಿಗೆ. ನನ್ನ ಕೂಡ ಮಾತು ಬಿಟ್ಟಾಳ" ಎಂದು ಬಂದವರಿಗೆಲ್ಲ ಹೇಳತೊಡಗಿದಳು.

ಅಕ್ಕ ಆದವಾನಿಯಲ್ಲಿ ಕುಪ್ಪಸ ಹೊಲಿಯುತ್ತಾಳೆ. ಅವಳ ಮನೆ ಹತ್ತಿ ಜಿನ್ನಿಂಗ್ ಮಿಲ್ಲುಗಳಿರುವ ರಸ್ತೆಯಲ್ಲಿದೆ. ಸುಗ್ಗಿಯಲ್ಲಿ ಗಾಳಿಯ ತುಂಬ ಹಿಂಜಿದ ಹತ್ತಿ ತೇಲುತ್ತಿರುತ್ತದೆ. ಈಗ ಅವಳು ಉಸಿರಾಡುವುದು ಕೊರಳಿನ ಬುಡದಲ್ಲಿ ಮಾಡಿದ ತೂತಿನಿಂದ. ಹತ್ತಿ ಎಳೆ ಒಳಗೆ ಹೋದರೆ ಅವಳ ಕೆಮ್ಮು ನೋಡಲಾಗದು. ಅದಕ್ಕೆ ಒದ್ದೆ ಬಟ್ಟೆ ಕಟ್ಟಿಕೊಂಡು ಮಿಷನ್ನಿನ ಮುಂದೆ ಕೂರುತ್ತಾಳೆ. ಮಾತು ಹೋದವಳಿಗೆ ಕಿವಿಯೂ ಹೋಗಿದೆ ಎಂದುಕೊಂಡು ಗಿರಾಕಿಗಳು ಬೀದಿಗೆಲ್ಲ ಕೇಳುವಂತೆ ಕೂಗುತ್ತಾರೆ. "ಅಕ್ಕಾ! ಚೇತುಲು ಕೊಂಚೆಂ ಲೂಜು ಪೆಟ್ಟು!" ತೋಳು ಸ್ವಲ್ಪ ಸಡಿಲ ಇಡು ಎಂದು ಒಬ್ಬಾಕೆ ತನ್ನ ತೋಳನ್ನೇ ಅವಳ ಮೂಗಿನ ಮುಂದೆ ಆಡಿಸಿದಳು. ಅಕ್ಕ ಸ್ಲೇಟಿನಲ್ಲಿ 'ಚೆವುಲು ಉನ್ನಾಯಿ' ಎಂದು ಬರೆದು ತೋರಿಸಿದಳು, ಕಿವಿ ಇವೆ ಎಂದು. ಆಕೆ ಅದನ್ನು ಓದಿ ಇನ್ನೂ ಗಟ್ಟಿಯಾಗಿ "ಸಾರಿ ಅಕ್ಕಾ!" ಎಂದಳು. ಆಪರೇಷನ್ ಆದ ಮೇಲೆ ಅಕ್ಕ ನಕ್ಕದ್ದನ್ನು ನಾನು ಮೊದಲು ಕಂಡದ್ದು ಅವತ್ತು. ನಗುವಿನಲ್ಲಿ ಸದ್ದಿರಲಿಲ್ಲ.

ಗಾಳಿ ನುಂಗಿ, ತೇಗಿನಂತೆ ಹೊರಗೆ ಬಿಟ್ಟು ಮಾತಾಡುವ ಒಂದು ವಿದ್ಯೆಯನ್ನು ಆಸ್ಪತ್ರೆಯವರು ಕಲಿಸುತ್ತಾರೆ. ಅದು ಕೈಗೆ ಹತ್ತಲು ಬಹಳ ಕಾಲ ಬೇಕು. ಅವ್ವನ ಹತ್ತಿರ ಅಷ್ಟು ಕಾಲ ಇರಲಿಲ್ಲ. ಹಾಗಾಗಿ ಕೊರಳಿಗೆ ಒತ್ತಿ ಹಿಡಿಯುವ ಬ್ಯಾಟರಿ ಯಂತ್ರವನ್ನು ತಂದೆವು. ಗುಂಡಿ ಒತ್ತಿದರೆ ಅದು ಒಂದೇ ಸಮ ಗುಂಯ್‌ಗುಡುತ್ತದೆ. ಆ ಸದ್ದನ್ನು ತುಟಿ, ನಾಲಗೆಗಳಿಂದ ತಿದ್ದಿ ಮಾತು ಮಾಡಿಕೊಳ್ಳಬೇಕು. ನಾನು ರಜೆ ಹಾಕಿ ಆದವಾನಿಗೆ ಬಂದೆ. ಮಧ್ಯಾಹ್ನ ಗಿರಾಕಿ ಇಲ್ಲದ ಹೊತ್ತಿನಲ್ಲಿ ಇಬ್ಬರೂ ಅಭ್ಯಾಸಕ್ಕೆ ಕೂರುತ್ತಿದ್ದೆವು.

ಅಕ್ಕ ಅವ್ವನಿಗೆ ಹೇಳಬೇಕೆಂದಿದ್ದದ್ದು ಸಣ್ಣ ಮಾತು. "ಅವ್ವಾ, ನಾನು. ನನಗ ಸಿಟ್ಟಿಲ್ಲ." ಯಂತ್ರದಲ್ಲಿ 'ಅವ್ವ' ಚೆನ್ನಾಗಿ ಬರುತ್ತಿತ್ತು, 'ನಾನು' ಬರುತ್ತಿತ್ತು. 'ಸಿಟ್ಟು' ಕೆಡುತ್ತಿತ್ತು. ಕಾರಣ ನನಗೆ ಗೊತ್ತಿತ್ತು. ಸಕಾರ ಟಕಾರಗಳನ್ನು ಆಡುವಾಗ ಗಂಟಲಿನ ನಾದ ಕ್ಷಣಕಾಲ ನಿಲ್ಲಬೇಕು. ಯಂತ್ರದ ನಾದ ನಿಲ್ಲುವುದಿಲ್ಲ. ಸಿಟ್ಟಿನ ಜಾಗದಲ್ಲಿ ಎಂಥದೋ ಗೊಗ್ಗರು ಸದ್ದು ಕೇಳುತ್ತಿತ್ತು. ಆಗ ನನ್ನ ವಿದ್ಯೆಗೆ ಒಂದು ಉಪಾಯ ಹೊಳೆಯಿತು. ನಾದವಿರುವ ಧ್ವನಿಗಳನ್ನು ಮಾತ್ರ ಆರಿಸಿ ಅದೇ ಅರ್ಥದ ಮಾತು ಕಟ್ಟಿದೆ. "ಅವ್ವಾ, ನಾನು. ನಾ ಮುನದಿಲ್ಲ."

ಅಕ್ಕ ಬರೆದಳು. "ನಾ ಯಾವತ್ತು ಮುನದೀನಿ? ಅದು ಹಾಡಿನಾಗಿನ ಮಾತು. ಮನ್ಯಾಗ ಯಾರರ ಮುನಿತಾರೇನು?"

"ಅರ್ಥ ಒಂದೇ ಅಲ್ಲೇನಕ್ಕ?"

ಅವಳು ಭುಜ ಹಾರಿಸಿ ಯಂತ್ರ ಎತ್ತಿಕೊಂಡಳು. ಒಂದೆರಡು ದಿನದಲ್ಲಿ ಆ ಮಾತು ಎಷ್ಟು ಸ್ಪಷ್ಟವಾಯಿತೆಂದರೆ, ಪಕ್ಕದ ಮನೆಯವರು ಗೋಡೆಯಾಚೆಯಿಂದ "ಇವತ್ತೂ ಮುನದಿಲ್ಲೇನಬೇ?" ಎಂದು ಕೇಳಿ ನಗುವ ಹಾಗಾಯಿತು.

ಇಬ್ಬರೂ ಬಸ್ಸಿನಲ್ಲಿ ಊರಿಗೆ ಹೋದೆವು. ಅವ್ವ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದಳು. ಅಕ್ಕ ಪಕ್ಕದಲ್ಲಿ ಕೂತು ಯಂತ್ರವನ್ನು ಕೊರಳಿಗೆ ಒತ್ತಿ ಹೇಳಿದಳು. "ಅವ್ವಾ, ನಾನು. ನಾ ಮುನದಿಲ್ಲ."

ಅವ್ವ ಬೆಚ್ಚಿ ಸೀರೆ ಸರಿ ಮಾಡಿಕೊಂಡಳು. "ಯಾವ ಗಂಡಸವ ಅದು? ಒಳಗ ಯಾಕ ಬಿಟ್ರಿ?"

ಅಕ್ಕ ಮತ್ತೆ ಹೇಳಿದಳು. ಅವ್ವ ಕಿವಿಗೊಟ್ಟಳು. "ರೇಡಿಯೋ ಕೆಟ್ಟೈತಿ, ಬಂದ್ ಮಾಡ್ರಿ" ಅಂದಳು.

ಅಕ್ಕ ಯಂತ್ರವನ್ನು ಬದಿಗಿಟ್ಟು ಅವ್ವನ ಕೈಯನ್ನು ತನ್ನ ಕೆನ್ನೆಯ ಮೇಲೆ ಇಟ್ಟುಕೊಂಡಳು. ಅವ್ವನ ಬೆರಳುಗಳು ಹಣೆ, ಮೂಗು, ಮೂಗಿನ ನತ್ತು ತಡವಿದವು. ಕೊರಳಿನ ಕಡೆ ಇಳಿಯುವ ಮೊದಲು ಅಕ್ಕ ಮಣಿಕಟ್ಟು ಹಿಡಿದಳು.

"ಮಾರಿ ನನ್ನ ಮಗಳದೈತಿ" ಎಂದಳು ಅವ್ವ. "ಬಂದೀದಿ, ಬಾಜು ಕುಂತೀದಿ. ಯಾಕ ಮಾತಾಡವಲ್ಲಿ? ಇನ್ನೂ ಸಿಟ್ಟೇನು?"

ಅಕ್ಕ ಇಲ್ಲವೆಂದು ತಲೆಯಾಡಿಸಿದಳು. ಅವ್ವನ ಅಂಗೈ ಅವಳ ಕೆನ್ನೆಯ ಮೇಲೆಯೇ ಇತ್ತು, ಹಾಗಾಗಿ ತಲೆಯಾಡಿಸಿದ್ದು ಅವ್ವನಿಗೆ ತಿಳಿದಿರಬೇಕು ಎಂದು ನಾನು ಬಹಳ ದಿನ ನಂಬಿದ್ದೆ. ಈಚೆಗೆ ನಂಬಿಕೆ ಸಡಿಲಾಗಿದೆ. ಕೈ ಕೆನ್ನೆಯ ಮೇಲಿದ್ದುದು ನೆನಪಿದೆ, ತಲೆಯಾಡಿಸಿದ್ದು ನೆನಪಿದೆ. ಎರಡೂ ಒಂದೇ ಕ್ಷಣದಲ್ಲಿ ಆದವೋ, ಅವ್ವ ಕೈ ತೆಗೆದ ಮೇಲೆ ಅಕ್ಕ ತಲೆಯಾಡಿಸಿದಳೋ ಹೇಳಲಾರೆ. ನಾನೇ ಬಾಯಿ ಬಿಟ್ಟು "ಸಿಟ್ಟಿಲ್ಲಂತ ಅವ್ವ" ಎಂದೆ. ಅವ್ವ ನನ್ನ ಕಡೆ ತಿರುಗಲಿಲ್ಲ. "ನೀ ಯಾಕ ಹೇಳ್ತಿ? ಆಕಿ ಹೇಳಲಿ."

ಕೆಲವು ವಾರಗಳಿಗೆ ಅವ್ವ ತೀರಿಕೊಂಡಳು. ಬೆಳಿಗ್ಗೆ ಸುದ್ದಿ ಬಂತು. ನಾನು ರೈಲಿನಲ್ಲಿ ಆದವಾನಿಗೆ ಬಂದು ಊರು ಮುಟ್ಟುವ ಹೊತ್ತಿಗೆ ಅಂಗಳದಲ್ಲಿ ನೀರು ಹಾಕಿ, ಹೊಸ ಸೀರೆ ಉಡಿಸಿ ಚಟ್ಟದ ಮೇಲೆ ಮಲಗಿಸಿದ್ದರು. ಅಕ್ಕ ತಲೆಯ ಹತ್ತಿರ ಕೂತಿದ್ದಳು. ಯಂತ್ರ ತಂದಿರಲಿಲ್ಲ.

ನಮ್ಮ ಓಣಿಯಲ್ಲಿ ಹೆಂಗಸರು ಸತ್ತವರ ಮುಂದೆ ಬರಿದೇ ಅಳುವುದಿಲ್ಲ, ಹಾಡಿಕೊಂಡು ಅಳುತ್ತಾರೆ. ಸತ್ತವರನ್ನು ಕರೆದು, ಮಾತಾಡಿಸಿ, ಬೈದು, ಹೇಳದೆ ಉಳಿದದ್ದನ್ನೆಲ್ಲ ಹೇಳುತ್ತಾರೆ. ತಾಯಿ ಸತ್ತರೆ ಹಿರಿಮಗಳು ಮೊದಲು ಅಳು ಎತ್ತಬೇಕು. ಅವಳ ಮಾತು ಮುಗಿಯುವ ತನಕ ಉಳಿದವರು ಬಾಯಿ ತೆರೆಯುವಂತಿಲ್ಲ. ಆಮೇಲೆ ಎಲ್ಲರೂ ಕೂಡಿಕೊಳ್ಳುತ್ತಾರೆ. ಆ ಅಳು ಏರಿ ಇಳಿದ ಮೇಲೆಯೇ ಗಂಡಸರು ಚಟ್ಟ ಹೊರಲು ಒಳಗೆ ಬರುತ್ತಾರೆ. ಅವರು ಬೀದಿಯಲ್ಲಿ ಕೂತು ಎಲ್ಲವನ್ನೂ ಕಿವಿಯಿಂದಲೇ ತಿಳಿದುಕೊಳ್ಳುತ್ತಾರೆ.

ಸೋದರತ್ತೆ ನನ್ನ ಭುಜ ತಿವಿದಳು. "ಆಕಿಗೆ ಆಗಂಗಿಲ್ಲ. ನೀನರ ಎತ್ತಬೇ. ದೊಡ್ಡ ದೊಡ್ಡ ಮಂದಿ ಮುಂದ ಮಾತಾಡಾಕಿ."

ನನಗೆ ಆ ಅಳು ಬರುವುದಿಲ್ಲ. ಅದರ ರಾಗ ಎಲ್ಲಿ ಏರುತ್ತದೆ, ಉಸಿರು ಎಲ್ಲಿ ಮುರಿಯುತ್ತದೆ, ಯಾವ ಸ್ವರವನ್ನು ಎಳೆಯುತ್ತಾರೆ ಎಲ್ಲ ಹೇಳಬಲ್ಲೆ. ಅಳಲಾರೆ. ನಾನು ತಡವರಿಸುತ್ತಿದ್ದಾಗ ಅಕ್ಕ ನನ್ನ ಕಡೆ ಅಂಗೈ ಎತ್ತಿ ತಡೆದಳು. ಅವ್ವನ ಎರಡೂ ಕೆನ್ನೆ ಹಿಡಿದು ಬಾಗಿ, ತಾನೇ ಸುರುಮಾಡಿದಳು.

ಬಾಯಿ ತೆರೆಯಿತು, ಮುಚ್ಚಿತು. ಕೊರಳಿನ ಬಟ್ಟೆ ಉಬ್ಬಿ ಇಳಿಯುತ್ತಿತ್ತು. ಉಸಿರು ಬರುತ್ತಿದ್ದುದು ಬಾಯಿಂದಲ್ಲ, ಬಟ್ಟೆಯ ಹಿಂದಿನಿಂದ. ಸಣ್ಣ ಸುಯ್ ಎಂಬ ಸಪ್ಪಳ. ಹತ್ತಿರ ಕೂತವರಿಗೆ ಅಷ್ಟೇ ಕೇಳುತ್ತಿತ್ತು. ಅಂಗಳದ ತುಂಬ ಹೆಂಗಸರು ಸೆರಗು ಬಾಯಿಗೆ ಹಿಡಿದು ಅವಳ ತುಟಿಗಳನ್ನೇ ನೋಡುತ್ತ ಕಾದರು. ಎಲ್ಲಿ ನಿಲ್ಲುತ್ತಾಳೆ, ಎಲ್ಲಿ ತಾವು ಕೂಡಿಕೊಳ್ಳಬೇಕು ತಿಳಿಯದೆ ಯಾರೂ ದನಿ ತೆಗೆಯಲಿಲ್ಲ. ಸಾವಿನ ಮನೆಯಲ್ಲಿ ಅಷ್ಟು ಹೆಂಗಸರು ಅಷ್ಟು ಸುಮ್ಮನಿದ್ದದ್ದನ್ನು ನಾನು ಬೇರೆಲ್ಲೂ ಕಂಡಿಲ್ಲ.

ಹೊರಗೆ ಗಂಡಸರಿಗೆ ಏನೂ ಕೇಳಲಿಲ್ಲ. ಹಿರಿಮಗಳಿಗೆ ದನಿ ಇಲ್ಲ, ಹಾಗಾಗಿ ಇವತ್ತು ಅಳು ಇಲ್ಲ, ಹೆಂಗಸರು ಸುಮ್ಮನೆ ಕೂತಿದ್ದಾರೆ ಎಂದುಕೊಂಡರು. ಅಣ್ಣ ನಾಲ್ಕು ಜನರೊಂದಿಗೆ ಒಳಗೆ ಬಂದ. "ಹೊತ್ತಾತು, ಸರೀರಿ ಸರೀರಿ" ಎಂದು ಎಲ್ಲರೂ ಬಗ್ಗಿ ಎತ್ತಿಯೇಬಿಟ್ಟರು. ಅಕ್ಕನ ಕೈಯೊಳಗಿಂದ ಅವ್ವನ ಮುಖ ಮೇಲಕ್ಕೆ ಹೋಯಿತು.

"ಏ ತಡೀರೋ!" ಸೋದರತ್ತೆ ಎದ್ದು ಅಡ್ಡ ನಿಂತಳು. "ಇನ್ನೂ ಮುಗಿದಿಲ್ಲ!"

"ಏನು ಮುಗಿದಿಲ್ಲ?"

"ಆಕಿ ಅಳಾಕತ್ಯಾಳ!"

ಅಣ್ಣ ಅಕ್ಕನ ಕಡೆ ನೋಡಿದ. "ಎಲ್ಲಿ?" ಅಂದ. ಅಣಕವಿರಲಿಲ್ಲ ಅದರಲ್ಲಿ, ನಿಜಕ್ಕೂ ಕೇಳಿದ.

ಒಮ್ಮೆ ಎತ್ತಿದ ಹೆಣವನ್ನು ನಮ್ಮಲ್ಲಿ ಮನೆಯ ಅಂಗಳದಲ್ಲಿ ಮತ್ತೆ ಇಳಿಸುವುದಿಲ್ಲ. ಇಳಿಸಿದರೆ ಇನ್ನೊಂದು ಸಾವು ಕರೆದಂತೆ. ಹೊತ್ತವರು ನಿಂತಲ್ಲೇ ಒಬ್ಬರ ಮುಖ ಒಬ್ಬರು ನೋಡಿದರು. ಹಾಗೇ ಹೊರಟರು.

ಅಕ್ಕ ಚಟ್ಟದ ಬದಿಗೆ ನಡೆಯುತ್ತ ಹೇಳುವುದನ್ನು ಮುಂದುವರಿಸಿದಳು. ನಾನು ಅವಳ ಪಕ್ಕದಲ್ಲೇ ಇದ್ದೆ. ಅವತ್ತಿನ ದಿನಚರಿಯಲ್ಲಿ, ಅಕ್ಕ ದಾರಿಯುದ್ದಕ್ಕೂ 'ಸಿಟ್ಟಿಲ್ಲವ್ವ, ಸಿಟ್ಟಿಲ್ಲ' ಎನ್ನುತ್ತಿದ್ದುದನ್ನು ಕಣ್ಣಾರೆ ಕಂಡೆ ಎಂದು ಬರೆದಿದ್ದೇನೆ. ಇವತ್ತು ಓದಿದರೆ ನನ್ನ ವಿದ್ಯೆಯೇ ಅದನ್ನು ಒಪ್ಪುವುದಿಲ್ಲ. 'ಸಿಟ್ಟಿಲ್ಲ'ದ ಧ್ವನಿಗಳೆಲ್ಲ ಹಲ್ಲಿನ ಹಿಂದೆ, ಅಂಗುಳಿನ ಕೆಳಗೆ ಹುಟ್ಟುವಂಥವು. ಬದಿಯಿಂದ ತುಟಿ ನೋಡಿ ಅವನ್ನು ಗುರುತಿಸಲು ಬರುವುದಿಲ್ಲ. ತುಟಿ ಕೂಡಿದ್ದು, ಬಿಟ್ಟದ್ದು ಮಾತ್ರ ಕಂಡಿರಬೇಕು. ಉಳಿದದ್ದನ್ನು ನಾನು ತುಂಬಿಕೊಂಡಿದ್ದೇನೆ. ಅವಳು ಬೈಯುತ್ತಿದ್ದಿರಬಹುದು. ಕಣ್ಣಿನ ಆಪರೇಷನ್ ಮಾಡಿಸಿಕೊಂಡಿದ್ದರೆ ನನ್ನ ಬಾಯಿ ಕಾಣುತ್ತಿರಲಿಲ್ಲವೇ ಎಂದು ಜಗಳ ತೆಗೆದಿರಬಹುದು. ಅವಳ ಸ್ವಭಾವಕ್ಕೆ ಅದೇ ಹೆಚ್ಚು ಹತ್ತಿರ.

ಓಣಿಯ ಕೊನೆಯಲ್ಲಿ ಹೆಂಗಸರು ನಿಲ್ಲಬೇಕು. ನಿಂತೆವು. ಗಂಡಸರು ಹೊಲದ ದಾರಿಗೆ ತಿರುಗಿದರು. ಅಕ್ಕನ ಬಾಯಿ ಇನ್ನೂ ಆಡುತ್ತಿತ್ತು. ಚಟ್ಟ ಜಾಲಿಗಿಡಗಳ ಮರೆಯಾದ ಮೇಲೂ ಆಡುತ್ತಿತ್ತು. ಸೋದರತ್ತೆ ಅವಳ ಮುಖವನ್ನೇ ನೋಡುತ್ತಿದ್ದಳು. ಹೆಂಗಸರೆಲ್ಲ ಅತ್ತೆಯ ಮುಖ ನೋಡುತ್ತಿದ್ದರು. ಕೊನೆಗೊಮ್ಮೆ ಅಕ್ಕನ ತುಟಿ ಕೂಡಿತು, ಮತ್ತೆ ತೆರೆಯಲಿಲ್ಲ.

"ಮುಗೀತೇನವ?" ಅತ್ತೆ ಮೆಲ್ಲಗೆ ಕೇಳಿದಳು.

ಅಕ್ಕ ಹೌದೆಂದು ತಲೆಯಾಡಿಸಿದಳು.

ಆಗ ಅತ್ತೆ ಎತ್ತಿದಳು, ಅವಳ ಹಿಂದೆ ಎಲ್ಲರೂ ಎತ್ತಿದರು. ಖಾಲಿ ದಾರಿಯ ಕಡೆ ಮುಖ ಮಾಡಿ ಅಷ್ಟೂ ಹೆಂಗಸರು ಅತ್ತರು.